ಆಮೆಗಳ ಊರಿಗೆ ಒಂದು ದಿನದ ದೋಣಿ ಪ್ರವಾಸ

ಐದು ಪುಟ್ಟ ದ್ವೀಪಗಳು. ಜನವಸತಿ ಇಲ್ಲ, ಹೋಟೆಲ್ ಇಲ್ಲ, ರಸ್ತೆಯೂ ಇಲ್ಲ. ದೋಣಿಯೊಂದೇ ದಾರಿ.

ಇದು ಕೆರಿಬಿಯನ್‌ನ ಸೇಂಟ್ ವಿನ್ಸೆಂಟ್ ಮತ್ತು ಗ್ರೆನಡೀನ್ಸ್ ದೇಶದ ಟೊಬೇಗೊ ಕೇಸ್. ಪಕ್ಕದ ಯೂನಿಯನ್ ದ್ವೀಪದಿಂದ ಬೆಳಿಗ್ಗೆ ಹೊರಟರೆ ಸಂಜೆಗೆ ವಾಪಸ್. ಗೈಡ್ ಜೊತೆಗೇ ಹೋಗಿ. ಹವಳದ ದಿಬ್ಬಗಳ ನಡುವೆ ದೋಣಿ ನಡೆಸಲು ಇಲ್ಲಿ ಪಳಗಿದ ಕೈಯೇ ಬೇಕು.

ನೀರು ಇಷ್ಟು ಶಾಂತ ಯಾಕೆ ಗೊತ್ತಾ? ಪೂರ್ವಕ್ಕೆ ಹಾರ್ಸ್‌ಶೂ ರೀಫ್ ಇದೆ, ಕುದುರೆ ಲಾಳದ ಆಕಾರದ ಹವಳದ ದಿಬ್ಬ. ಅಟ್ಲಾಂಟಿಕ್‌ನ ದೊಡ್ಡ ಅಲೆಗಳು ಅಲ್ಲೇ ಒಡೆದು ನೊರೆಯಾಗುತ್ತವೆ. ಒಳಗೆ ತಳದ ಮರಳು ಕಾಣುವಷ್ಟು ತಿಳಿನೀರು.

ಬ್ಯಾರಡಾಲ್ ದ್ವೀಪದ ಹತ್ತಿರ ಮಾಸ್ಕ್ ಹಾಕಿ ಮುಖ ನೀರೊಳಗಿಡಿ. ಹಸಿರು ಕಡಲಾಮೆ ಕಡಲಹುಲ್ಲು ಮೇಯುತ್ತಿರುತ್ತದೆ. ಬಾಯಿ ಹಾಕಿದಲ್ಲೆಲ್ಲ ಮರಳು ಸಣ್ಣಗೆ ಏಳುತ್ತದೆ. ಮೆಲ್ಲಗೆ ಮೇಲೆ ಬಂದು, ಮೂಗು ಹೊರಗಿಟ್ಟು ಉಸಿರೆಳೆದು, ಮತ್ತೆ ಇಳಿಯುತ್ತದೆ. ಆ ದಾರಿಗೆ ಅಡ್ಡ ಹೋಗಬೇಡಿ, ಮುಟ್ಟಲೇಬೇಡಿ. ಹವಳದ ಮೇಲೆ ಕಾಲೂ ಇಡಬೇಡಿ; ಅದಕ್ಕೂ ಜೀವವಿದೆ.

2003ರ 'ಪೈರೇಟ್ಸ್ ಆಫ್ ದಿ ಕೆರಿಬಿಯನ್' ಸಿನಿಮಾದಲ್ಲಿ ಜಾಕ್ ಸ್ಪ್ಯಾರೋನನ್ನು ಬಿಟ್ಟುಹೋಗುವ ದ್ವೀಪವೂ ಇಲ್ಲಿಯದೇ, ಪೆಟಿ ಟಬಾಕ್.

ಮಧ್ಯಾಹ್ನ ದಡದಲ್ಲೇ ಕೆಂಡದ ಮೇಲೆ ಸುಟ್ಟ ಮೀನು. ಸಸ್ಯಾಹಾರಿಗಳು ಮೊದಲೇ ಹೇಳಿಡಿ.

ಇನ್ನೊಂದು ಮಾತು. 2024ರ ಜುಲೈ 1ರಂದು ಬೆರಿಲ್ ಚಂಡಮಾರುತ ಯೂನಿಯನ್ ದ್ವೀಪದ ಬಹುತೇಕ ಮನೆಗಳನ್ನು ಹಾಳುಗೆಡವಿತು. ಪ್ರವಾಸಿಗರನ್ನು ನಂಬಿ ಬದುಕುವ ದೋಣಿಯವರು ಅಲ್ಲಿ ಎಷ್ಟೋ ಜನ. ಬುಕಿಂಗ್ ಮಾಡುವಾಗ ಆ ಊರಿನವರ ದೋಣಿಯನ್ನೇ ಕೇಳಿ, ಊಟವನ್ನೂ ಅವರ ಕೈಯಲ್ಲೇ ಮಾಡಿಸಿ.