ಸತ್ಯಭಾಮೆಯ ಮಗ್ಗುಲಲ್ಲಿ ನಿಂತವನು

ದೇವಲೋಕದ ಒಂದು ಹೂವು, ಇಬ್ಬರು ಹೆಂಡಂದಿರು, ನಡುವೆ ಸಿಕ್ಕಿಬಿದ್ದ ಕೃಷ್ಣ. ನಾರದ ತಂದ ಪಾರಿಜಾತ ರುಕ್ಮಿಣಿಯ ಪಾಲಾಯಿತೆಂದು ಸತ್ಯಭಾಮೆಗೆ ಮುನಿಸು. ಶ್ರೀಕೃಷ್ಣ ಪಾರಿಜಾತದ ಕತೆ ಇಷ್ಟೇ. ಇಷ್ಟಕ್ಕೆ ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿ ಸೀಮೆಯ ಜನ ಬೆಳ್ಳಬೆಳತನಕ ಕೂತು ನೋಡುತ್ತಾರೆಂದರೆ ಅದರ ದೊಡ್ಡ ಪಾಲು ಭಾಗವತನಿಗೆ ಸಲ್ಲಬೇಕು.

ಅಪರಾಳ ತಮ್ಮಣ್ಣ ಬರೆದ ಆಟವನ್ನು ಕುಲಗೋಡ ತಮ್ಮಣ್ಣ ತಿದ್ದಿ ಬೆಳೆಸಿದ. ಕೌಜಲಗಿ ನಿಂಗಮ್ಮ ಅದಕ್ಕೆ ನಾಡಿನ ತುಂಬ ಹೆಸರು ತಂದರು. ಕುಲಗೋಡ, ಕೌಜಲಗಿ ಎರಡೂ ಮುಧೋಳಕ್ಕೆ ದೂರದ ಊರುಗಳಲ್ಲ.

ಯಕ್ಷಗಾನದ ಭಾಗವತನಂತೆ ಇಲ್ಲಿಯವನು ಕೂತು ಹಾಡುವುದಿಲ್ಲ. ರಂಗದ ಮೇಲೆ ನಿಂತು ಆಡುತ್ತಾನೆ. ಕೃಷ್ಣನೆದುರು ಗೆಳೆಯ, ಭಾಮೆಯೆದುರು ದೂತಿ. ರಾಣಿ ಬಂದು ತನ್ನ ಕುಲ, ಚೆಲುವು, ಪಟ್ಟ ಎಲ್ಲ ಹೇಳಿಕೊಂಡು ಹಾಡಿ ಮುಗಿಸುತ್ತಾಳೆ. ಇವನು ಕೈಕಟ್ಟಿ, 'ಅದೆಲ್ಲಾ ಖರೇ ಯವ್ವಾ, ಯಾ ಊರಾಕಿ ನೀ?' ಎಂದುಬಿಟ್ಟರೆ ದ್ವಾರಕೆಯ ಪಟ್ಟದರಸಿ ಆ ಗಳಿಗೆಗೆ ನಮ್ಮ ಓಣಿಯ ಸೊಸೆ. ಅವಳ ಸಿಟ್ಟು ಕೂತವರೆಲ್ಲರಿಗೂ ಗೊತ್ತಿರುವ ಸಿಟ್ಟಾಗುತ್ತದೆ.

ನಗಿಸುವುದೊಂದೇ ಅವನ ಕೆಲಸ ಅಂದುಕೊಂಡರೆ ಅನ್ಯಾಯ. ಹಾಡಿನ ಕೊನೆಯ ಸೊಲ್ಲನ್ನು ಅವನು ಎತ್ತಿ ಹಿಡಿದಾಗಲೇ ಭಾಮೆಗೆ ಉಸಿರು ತಿರುಗಿಸಿಕೊಳ್ಳಲು ಬಿಡುವು. ಪದದ ಅರ್ಥ ಬಿಡಿಸುವುದು ಅವನ ಪ್ರಶ್ನೆಗಳೇ. ಬನಹಟ್ಟಿಯಲ್ಲಿ ಆಟವಿದ್ದರೆ ಭಾಮೆಯ ಸೀರೆ ಯಾರ ಮಗ್ಗದ್ದೆಂದು ಕೇಳಬಹುದು, ಮುಧೋಳದಲ್ಲಿ ಕಬ್ಬಿನ ಬಿಲ್ಲಿನ ಮಾತು ತೆಗೆಯಬಹುದು. ಇದ್ಯಾವುದೂ ಬರೆದಿಟ್ಟ ಮಾತಲ್ಲ. ಹಾರ್ಮೋನಿಯಂ ಸುರುವಾಗುವ ಹೊತ್ತಿಗೆ ನಗು ಇಳಿದಿರಬೇಕು, ಭಾಮೆಯ ದುಃಖಕ್ಕೆ ಜಾಗ ಉಳಿದಿರಬೇಕು. ಒಂದು ಮಾತು ಹೆಚ್ಚಾದರೂ ಅವಳ ಹಾಡು ಕೆಟ್ಟಂತೆಯೇ. ಎಲ್ಲಿ ನಿಲ್ಲಿಸಬೇಕೆಂಬುದು ಗೊತ್ತಿರುವ ಭಾಗವತನನ್ನು ನಾನು ಯಾವ ದೊಡ್ಡ ನಟನಿಗೂ ಕಡಿಮೆ ಎನ್ನಲಾರೆ.

ಸಿನಿಮಾದಲ್ಲೂ ಅದ್ಭುತದ ಕತೆಗಳನ್ನು ನಂಬಿಸುವುದು ಇಂಥ ಪೋಷಕ ಪಾತ್ರಗಳೇ. ಕಾರ್ನಾಡರ ನಾಟಕದಿಂದ ನಾಗಾಭರಣ 1997ರಲ್ಲಿ ತೆರೆಗೆ ತಂದ 'ನಾಗಮಂಡಲ'ದಲ್ಲಿ ಹಾವು ಗಂಡನ ರೂಪ ತಾಳಿ ಬರುತ್ತದೆ. ಅದನ್ನು ಒಪ್ಪಲು ನಮ್ಮನ್ನು ಮೊದಲೇ ಅಣಿಮಾಡುವವಳು ಬೇರು ಕೊಡುವ ಮುದುಕಿ ಕುರುಡವ್ವ. ಬಿ. ಜಯಶ್ರೀ ಆ ಪಾತ್ರಕ್ಕೆ ಬಂದದ್ದು ಹಾಡು, ಮಾತು, ಕುಣಿತ ಬೇರೆಬೇರೆಯಲ್ಲದ ಕಂಪನಿ ನಾಟಕದ ಮನೆತನದಿಂದ. ಅವರು ಗುಬ್ಬಿ ವೀರಣ್ಣನವರ ಮೊಮ್ಮಗಳು.

ಈ ಸೀಮೆಯ ಯಾವುದಾದರೂ ಜಾತ್ರೆಯಲ್ಲಿ ಪಾರಿಜಾತ ಸಿಕ್ಕರೆ, ಭಾಮೆ ಹಾಡುವಾಗ ಒಂದು ಕಣ್ಣು ಭಾಗವತನ ಮೇಲೂ ಇರಲಿ. ಅವನು ಸುಮ್ಮನೆ ನಿಂತು ಕೇಳುವ ರೀತಿಯನ್ನೂ ನೋಡಬೇಕು.