ಶಂಕರನಾಗ್: ನಟ ಹಾಗೂ ನಿರ್ಮಾಪಕ

ಹೊನ್ನಾವರ ತಾಲೂಕಿನ ಮಲ್ಲಾಪುರದಲ್ಲಿ 1954ರಲ್ಲಿ ಜನಿಸಿದ ಶಂಕರನಾಗರು ನಮ್ಮ ಈ ಮುಂಬಯಿಯಲ್ಲಿ ಬ್ಯಾಂಕಿನ ನೌಕರಿ ಮಾಡುತ್ತ ಮರಾಠಿ ರಂಗಭೂಮಿಯಲ್ಲಿ ಪಳಗಿದವರು. ಹೊಟ್ಟೆಪಾಡಿಗೆಂದು ಇಲ್ಲಿಗೆ ಬಂದ ನಮ್ಮಂಥವರು ಸುಲಭವಾಗಿ ಬಿಡಲಾರದ ನೌಕರಿಯದು! ಗಿರೀಶ ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’ (1978) ಅವರನ್ನು ಕನ್ನಡ ಚಿತ್ರರಂಗಕ್ಕೆ ಕರೆದೊಯ್ದಿತು. ಮುಂದೆ ಅವರು ಹೊಡೆದಾಟದ ಚಿತ್ರಗಳ ನಾಯಕರಾಗಿ ಜನಪ್ರಿಯರಾದರು; ಅವುಗಳಲ್ಲಿ ಹಲವು ಸಾಧಾರಣವೆನ್ನಲು ನಾವು ಸಂಕೋಚಪಡಬೇಕಾಗಿಲ್ಲ.

ನಟನಿಗೆ ಸಂಭಾವನೆಯುಂಟು, ನಿರ್ಮಾಪಕನಾದರೋ ಹಣ ಹೊಂದಿಸಿ, ನಷ್ಟವಾದರೆ ತಾನೇ ಹೊರಬೇಕು. ಆ ಹೊಣೆಯನ್ನು ಅಣ್ಣ ಅನಂತನಾಗರೊಡನೆ ಹೊತ್ತು, ಕಾರುಗಳ್ಳರ ಕಥೆಯಾದ ‘ಮಿಂಚಿನ ಓಟ’ವನ್ನು (1980) ನಿರ್ಮಿಸಿ, ತಾವೇ ನಿರ್ದೇಶಿಸಿ, ಅದರಲ್ಲಿ ನಟಿಸಿದರು. ಬೆಂಗಳೂರಿನಲ್ಲಿ ‘ಸಂಕೇತ್’ ಧ್ವನಿಮುದ್ರಣ ಶಾಲೆಯನ್ನೂ ಕಟ್ಟಿದರು. 1990ರ ಸೆಪ್ಟೆಂಬರ್ 30ರಂದು, ಚಿತ್ರೀಕರಣಕ್ಕೆಂದು ಹೊರಟ ದಾರಿಯಲ್ಲಿ, ದಾವಣಗೆರೆಯ ಬಳಿ ಅಪಘಾತದಲ್ಲಿ ತೀರಿಕೊಂಡಾಗ ಅವರಿಗೆ 35 ವರುಷ.