ನಮ್ಮ ಜಿಲ್ಲೆಯ ದಾಮೋದರಂ ಸಂಜೀವಯ್ಯನವರು

ಇತಿಹಾಸದ ಪುಸ್ತಕಗಳಲ್ಲಿ ಪತ್ತಿಕೊಂಡದ ಹೆಸರು ಬರುವುದು ಹೆಚ್ಚಾಗಿ ಸರ್ ಥಾಮಸ್ ಮನ್ರೋ ಅವರ ಮರಣದ ಪ್ರಸಂಗದಲ್ಲಿ. ಮದರಾಸಿನ ಗವರ್ನರಾಗಿದ್ದ ಅವರು ಪ್ರವಾಸದಲ್ಲಿದ್ದಾಗ 1827ರ ಜುಲೈ 6ರಂದು ಇಲ್ಲಿಯೇ ಕಾಲರಾ ತಗುಲಿ ತೀರಿಕೊಂಡರು. ಮನ್ರೋ ಅವರು ಸಮುದ್ರ ದಾಟಿ ಬಂದು ಈ ಸೀಮೆಯನ್ನು ಆಳಿದವರು. ಆದರೆ ನಮ್ಮ ಜಿಲ್ಲೆಯ ಮಣ್ಣಿನಲ್ಲಿಯೇ ಹುಟ್ಟಿ, ದನ ಕಾಯ್ದು, ವಕೀಲರಾಗಿ, ಕಡೆಗೆ ರಾಜ್ಯದ ಮುಖ್ಯಮಂತ್ರಿಯಾದ ಒಬ್ಬ ಮಹನೀಯರಿದ್ದಾರೆ. ಅವರ ವಿಷಯವನ್ನು ನಮ್ಮ ವಿದ್ಯಾರ್ಥಿಗಳೂ ಅವರ ತಂದೆತಾಯಿಗಳೂ ತಿಳಿದಿರಬೇಕಾದುದು ಅವಶ್ಯ.

ದಾಮೋದರಂ ಸಂಜೀವಯ್ಯನವರು ಕರ್ನೂಲಿನ ಸಮೀಪದ ಪೆದ್ದಪಾಡು ಗ್ರಾಮದಲ್ಲಿ 1921ರ ಫೆಬ್ರವರಿ 14ರಂದು ಜನಿಸಿದರು. ತಂದೆ ಮುನಯ್ಯ, ತಾಯಿ ಸುಂಕುಲಮ್ಮ. ಊರಿನ ಹೊರಗೆ ವಾಸಿಸುತ್ತಿದ್ದ, ಸ್ವಂತ ಭೂಮಿಯಿಲ್ಲದ ದಲಿತ ಕುಟುಂಬ ಅದು. ಮಗು ಹುಟ್ಟಿದ ಕೆಲವೇ ದಿನಗಳಲ್ಲಿ ತಂದೆ ತೀರಿಕೊಂಡರು. ತಾಯಿ ಮಕ್ಕಳನ್ನು ಕಟ್ಟಿಕೊಂಡು ತಮ್ಮ ಅಣ್ಣತಮ್ಮಂದಿರ ಆಸರೆಗೆ ಹೋದರು. ಅಲ್ಲಿ ಬಾಲಕ ಸಂಜೀವಯ್ಯ ದನ ಕಾಯುತ್ತಿದ್ದ. ಮತ್ತೆ ಪೆದ್ದಪಾಡಿಗೆ ಮರಳಿದ ಮೇಲೆ, ಕೂಲಿಗೆ ಹೋಗುತ್ತಿದ್ದ ಅಣ್ಣನು ತಮ್ಮನನ್ನು ಕೂಲಿಗೆ ಕರೆದೊಯ್ಯಲಿಲ್ಲ, ಶಾಲೆಗೆ ಕಳುಹಿಸಿದನು. ಮುಂದೆ ನಡೆದುದಕ್ಕೆಲ್ಲ ಮೂಲ ಇದೇ.

ಊರಿನ ಶಾಲೆಯ ನಂತರ ಕರ್ನೂಲಿನ ಮಿಷನ್ ಶಾಲೆ, ಅನಂತರ ಮುನಿಸಿಪಲ್ ಹೈಸ್ಕೂಲು. 1938ರಲ್ಲಿ ಎಸ್.ಎಸ್.ಎಲ್.ಸಿ. ತೇರ್ಗಡೆಯಾದರು. ಅನಂತಪುರದ ದತ್ತಮಂಡಲ ಕಾಲೇಜಿನಲ್ಲಿ ಗಣಿತವನ್ನು ಅಭ್ಯಾಸ ಮಾಡಿ ಪದವೀಧರರಾದರು. ಪದವಿ ಬಂದಿತೆಂದು ಕಷ್ಟ ತೀರಲಿಲ್ಲ. ಯುದ್ಧದ ಕಾಲ ಅದು. ಕರ್ನೂಲಿನ ರೇಷನ್ ಕಚೇರಿಯಲ್ಲಿ ಗುಮಾಸ್ತರಾದರು. ಆ ಕಚೇರಿ ಮುಚ್ಚಿದಾಗ ಬೇರೆ ಬೇರೆ ತಾತ್ಕಾಲಿಕ ನೌಕರಿಗಳನ್ನು ಹಿಡಿಯುತ್ತ ಬಳ್ಳಾರಿಗೆ ಬಂದರು. ಅಲ್ಲಿಯ ಜಿಲ್ಲಾ ನ್ಯಾಯಾಧೀಶರೊಬ್ಬರು ಈ ಯುವಕನ ಬುದ್ಧಿಶಕ್ತಿಯನ್ನು ಗುರುತಿಸಿ, ಕಾನೂನು ಓದುವಂತೆ ಹುರಿದುಂಬಿಸಿದರು. ಕನ್ನಡ ಸೀಮೆಯ ಬಳ್ಳಾರಿಗೂ ಅವರ ಬಾಳಿಗೂ ಇರುವ ನಂಟು ಇದು.

1946ರಲ್ಲಿ ಅವರು ಮದರಾಸಿನ ಲಾ ಕಾಲೇಜನ್ನು ಸೇರಿದರು. ಓದುತ್ತಲೇ ಗಣಿತದ ಪಾಠ ಹೇಳಿ ನಾಲ್ಕು ಕಾಸು ಗಳಿಸುತ್ತಿದ್ದರು. ಸ್ನೇಹಿತರೂ ಕೈ ಹಿಡಿದರು. ವಕೀಲರಾಗುವುದೆಂದರೆ ಪರೀಕ್ಷೆ ಮುಗಿದೊಡನೆ ಕಪ್ಪು ಕೋಟು ತೊಡುವುದಲ್ಲ. ಆಗಿನ ಪದ್ಧತಿಯಲ್ಲಿ ಪದವಿಯ ಮೇಲೆ ಎರಡು ವರ್ಷ ಕಾನೂನು ಓದಿ, ಹಿರಿಯ ವಕೀಲರ ಕೈಕೆಳಗೆ ಪಳಗಿ, ಆ ಮೇಲೆ ಹೈಕೋರ್ಟಿನಲ್ಲಿ ಹೆಸರು ನೋಂದಾಯಿಸಬೇಕು. ಅಲ್ಲಿಯವರೆಗೆ ಸಂಪಾದನೆಯಿಲ್ಲ. ಮನೆಯಲ್ಲಿ ಆಸ್ತಿಯಿದ್ದವರಿಗೆ ಇದು ಕಾಯುವ ಕಾಲ, ಇಲ್ಲದವರಿಗೆ ಹಸಿವಿನ ಕಾಲ. 1950ರಲ್ಲಿ ಸಂಜೀವಯ್ಯನವರು ವಕೀಲರಾಗಿ ನೋಂದಾಯಿಸಿಕೊಂಡರು.

ಅದೇ ವರ್ಷ ಅವರು ತಾತ್ಕಾಲಿಕ ಸಂಸತ್ತಿನ ಸದಸ್ಯರೂ ಆದರು. ರಾಜ್ಯಾಂಗವು 1950ರ ಜನವರಿ 26ರಂದು ಜಾರಿಗೆ ಬಂದ ಮೇಲೆ, ಮೊದಲನೆಯ ಮಹಾಚುನಾವಣೆ ಮುಗಿಯುವವರೆಗೆ, ರಾಜ್ಯಾಂಗ ಸಭೆಯೇ ಸಂಸತ್ತಾಗಿ ಕೆಲಸ ಮಾಡಿತು. ಅದರಲ್ಲಿ ತೆರವಾದ ಒಂದು ಸ್ಥಾನಕ್ಕೆ ಅವರು ಆಯ್ಕೆಯಾದರು. ಹೀಗಾಗಿ ನ್ಯಾಯಾಲಯದಲ್ಲಿ ಅವರು ವಾದಿಸಿದ್ದು ಕಡಿಮೆ, ಶಾಸನ ಸಭೆಗಳಲ್ಲಿ ದುಡಿದದ್ದೇ ಹೆಚ್ಚು.

ವಕೀಲರು ರಾಜಕೀಯಕ್ಕೆ ಬರುವುದು ಹೊಸದಲ್ಲ. ಗಾಂಧೀಜಿ, ರಾಜೇಂದ್ರ ಪ್ರಸಾದ್, ಅಂಬೇಡ್ಕರ್, ಟಂಗುಟೂರಿ ಪ್ರಕಾಶಂ ಇವರೆಲ್ಲರೂ ಕಾನೂನು ಓದಿದವರೇ. ಚಿತ್ರದುರ್ಗದಲ್ಲಿ ವಕೀಲರಾಗಿದ್ದ ಎಸ್. ನಿಜಲಿಂಗಪ್ಪನವರು ಮೈಸೂರು ರಾಜ್ಯದ ಮುಖ್ಯಮಂತ್ರಿಯೂ ಕಾಂಗ್ರೆಸ್ಸಿನ ಅಧ್ಯಕ್ಷರೂ ಆದರು. ಇದಕ್ಕೆ ಕಾರಣವುಂಟು. ಬಡವನ ಭೂಮಿ ಹೋಗುವುದೂ ಉಳಿಯುವುದೂ ಕಾಗದದ ಒಂದು ಸಾಲಿನಿಂದ. ಆ ಸಾಲನ್ನು ಓದಬಲ್ಲವನು ನ್ಯಾಯಾಲಯದಲ್ಲಿ ಒಬ್ಬನಿಗೆ ನೆರವಾಗಬಹುದು. ಅದನ್ನು ಬರೆಯುವ ಸಭೆಯಲ್ಲಿ ಕುಳಿತರೆ ಲಕ್ಷ ಜನರಿಗೆ ನೆರವಾಗಬಹುದು.

1952ರಲ್ಲಿ ಸಂಜೀವಯ್ಯನವರು ರಾಜಾಜಿಯವರ ಮಂತ್ರಿಮಂಡಲವನ್ನು ಸೇರಿದರು. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯವು ಉದಯಿಸಿ ಕರ್ನೂಲು ಅದರ ರಾಜಧಾನಿಯಾದಾಗ ಅಲ್ಲಿಯೂ ಮಂತ್ರಿಗಳಾದರು. ನೀಲಂ ಸಂಜೀವರೆಡ್ಡಿಯವರು ಕಾಂಗ್ರೆಸ್ ಅಧ್ಯಕ್ಷರಾಗಿ ಹೋದಾಗ, 1960ರ ಜನವರಿ 11ರಂದು ಆಂಧ್ರ ಪ್ರದೇಶದ ಮುಖ್ಯಮಂತ್ರಿಯಾದರು. ಆಗ ಅವರ ವಯಸ್ಸು 38. ಭಾರತದ ಯಾವುದೇ ರಾಜ್ಯದಲ್ಲಿ ಮುಖ್ಯಮಂತ್ರಿ ಪದವಿಗೇರಿದ ಮೊಟ್ಟಮೊದಲ ದಲಿತರು ಅವರು.

1962ರ ಮಾರ್ಚಿಯವರೆಗೆ, ಎರಡು ವರ್ಷಕ್ಕೆ ಸ್ವಲ್ಪ ಹೆಚ್ಚು ಕಾಲ ಅವರ ಆಡಳಿತ. ಅಷ್ಟರಲ್ಲಿಯೇ ಭೂಹೀನರಿಗೆ ಬಂಜರು ಭೂಮಿಯನ್ನು ಹಂಚಿಸಿದರು. ಲಂಚಗುಳಿತನವನ್ನು ತಡೆಯಲು 1961ರಲ್ಲಿ ಪ್ರತ್ಯೇಕ ಇಲಾಖೆಯನ್ನೇ ತೆರೆದರು. ವೃದ್ಧರಿಗೆ ಪಿಂಚಣಿ ಕೊಡುವ ಏರ್ಪಾಡು ಮಾಡಿದರು. ಇದರ ಬಗ್ಗೆ ಜನ ಹೇಳುವ ಕಥೆಯೊಂದಿದೆ. ಮುಖ್ಯಮಂತ್ರಿಯಾದ ಮಗ ತಾಯಿಯ ಕೈಗೆ ಖರ್ಚಿಗೆಂದು ಹಣ ಕೊಟ್ಟಾಗ, ಆ ತಾಯಿ, "ನನಗೇನೋ ನೀನಿದ್ದೀಯಪ್ಪಾ, ಮಗನಿಲ್ಲದ ಮುದುಕಿಯರ ಗತಿಯೇನು?" ಎಂದು ಕೇಳಿದರಂತೆ. ಕಥೆ ಹೇಗೇ ಇರಲಿ, ಅದನ್ನು ಜನ ಇಂದಿಗೂ ಹೇಳುತ್ತಾರೆಂಬುದೇ ಅವರ ಮೇಲಿನ ಪ್ರೀತಿಗೆ ಸಾಕ್ಷಿ.

ಅನಂತರ ಕಾಂಗ್ರೆಸ್ಸಿನ ಅಧ್ಯಕ್ಷರಾದರು. ಆ ಸ್ಥಾನಕ್ಕೇರಿದ ಮೊದಲ ದಲಿತರೂ ಅವರೇ. 1964ರಲ್ಲಿ ಕೇಂದ್ರದ ಕಾರ್ಮಿಕ ಮಂತ್ರಿಗಳಾದರು. ಕೈಗಾರಿಕೆಗಳ ಕೆಲಸಗಾರರಿಗೆ ಬೋನಸ್ ಪಡೆಯುವ ಹಕ್ಕನ್ನು ಕೊಟ್ಟ 1965ರ ಕಾಯಿದೆ ಬಂದದ್ದು ಅವರ ಕಾಲದಲ್ಲಿಯೇ. ಬೋನಸ್ಸಿನ ವಿಷಯ ಅದರಿಂದ ಶಾಸನದ ಮಾತಾಯಿತು. ಕೂಲಿಯ ದುಡ್ಡಿನಲ್ಲಿ ಓದಿದವರಿಗೆ ಕೂಲಿಯ ಬೆಲೆ ಗೊತ್ತಿತ್ತು. 1972ರ ಮೇ 7ರಂದು, ಎರಡನೆಯ ಬಾರಿ ಕಾಂಗ್ರೆಸ್ ಅಧ್ಯಕ್ಷರಾಗಿದ್ದಾಗ, 51ನೆಯ ವಯಸ್ಸಿನಲ್ಲಿ ಅವರು ದಿವಂಗತರಾದರು. ವಿಶಾಖಪಟ್ಟಣದ ರಾಷ್ಟ್ರೀಯ ಕಾನೂನು ವಿಶ್ವವಿದ್ಯಾಲಯಕ್ಕೆ ಇಂದು ಅವರದೇ ಹೆಸರು. ಕಾಸಿಗೆ ಕಾಸು ಕೂಡಿಸಿ ಕಾನೂನು ಓದಿದವರಿಗೆ ಇದಕ್ಕಿಂತ ತಕ್ಕ ಸ್ಮಾರಕವಿಲ್ಲ.

ವಿದ್ಯಾರ್ಥಿಗಳೇ, ನಮ್ಮ ಸೀಮೆಯಲ್ಲಿ ಮಳೆ ಕೈಕೊಟ್ಟ ವರ್ಷ ಮನೆಮಂದಿಯೆಲ್ಲ ಗುಂಟೂರಿನ ಕಡೆಗೆ ಮೆಣಸಿನಕಾಯಿ ಬಿಡಿಸಲು ಹೋಗುವುದನ್ನು ನೀವೆಲ್ಲ ಬಲ್ಲಿರಿ. ಜೊತೆಗೆ ಹೋದ ಮಕ್ಕಳ ಜಾಗ ತರಗತಿಯಲ್ಲಿ ಖಾಲಿಯಾಗುತ್ತದೆ. ಹೋದವರಲ್ಲಿ ಕೆಲವರು ಮತ್ತೆ ಶಾಲೆಯ ಬಾಗಿಲಿಗೆ ಬರುವುದೇ ಇಲ್ಲ. ತಂದೆತಾಯಿಗಳನ್ನು ದೂರಲು ಈ ಮಾತಲ್ಲ. ಹೊಟ್ಟೆಯ ಪಾಡು ಯಾರಿಗೂ ಹೇಳಿಕೊಡಬೇಕಾದುದಲ್ಲ. ಆದರೆ ಪೆದ್ದಪಾಡಿನ ಆ ಮನೆಯಲ್ಲಿಯೂ ಹೊಲವಿರಲಿಲ್ಲ, ತಂದೆಯಿರಲಿಲ್ಲ. ದುಡಿಯಲು ಎರಡು ಕೈ ಹೆಚ್ಚಿದ್ದರೆ ಅವರಿಗೂ ಅನುಕೂಲವೇ ಆಗುತ್ತಿತ್ತು. ಆದರೂ ಆ ಅಣ್ಣನು ತಮ್ಮನ ಕೈಗೆ ಹಲಗೆ ಬಳಪ ಕೊಟ್ಟನು. ಸಂಜೀವಯ್ಯನವರ ಹೆಸರನ್ನು ದೇಶವೆಲ್ಲ ಬಲ್ಲದು, ಅಣ್ಣನ ಹೆಸರನ್ನು ಬಲ್ಲವರು ಕಡಿಮೆ. ನಮ್ಮ ಊರುಗಳಲ್ಲಿ ಅಂಥ ಅಣ್ಣಂದಿರೂ ಅಕ್ಕಂದಿರೂ ಇನ್ನೂ ಇದ್ದಾರೆ. ಅವರ ಬೆವರಿನಿಂದ ಶಾಲೆಗೆ ಬರುವವರು ಒಂದು ದಿನವನ್ನೂ ವ್ಯರ್ಥ ಮಾಡದಿರಲಿ.